ಮೈಗೊಪ್ಪುವ ಮಡಿ: ಅಂಟುವಾಳದಿಂದ ಮನೆಯಲ್ಲೇ ಬಟ್ಟೆ ತೊಳೆಯುವ ದ್ರಾವಣ

ಆಯುರ್ವೇದವು ದಿನಚರ್ಯೆಯನ್ನು ಉಪದೇಶಿಸುವಾಗ ಆಹಾರ, ಅಭ್ಯಂಗ, ಸ್ನಾನಗಳ ಜೊತೆಯಲ್ಲಿಯೇ ವಸ್ತ್ರಧಾರಣೆಯನ್ನೂ ಹೇಳಿದೆ. ಚರಕ ಸಂಹಿತೆಯ ಸೂತ್ರಸ್ಥಾನದ 5ನೆಯ ಅಧ್ಯಾಯದಲ್ಲಿ ನಿರ್ಮಲವಾದ ವಸ್ತ್ರವನ್ನು ಧರಿಸುವುದರಿಂದ ಆಯುಷ್ಯ ಮತ್ತು ಯಶಸ್ಸು ವೃದ್ಧಿಸುತ್ತವೆ, ಮನಸ್ಸು ಹರ್ಷಗೊಳ್ಳುತ್ತದೆ, ಸಭೆಯಲ್ಲಿ ಶೋಭೆಯುಂಟಾಗುತ್ತದೆ ಎಂಬ ಅಭಿಪ್ರಾಯವಿದೆ. ಇಲ್ಲಿ ಆಚಾರ್ಯರು ಹೊಸ ವಸ್ತ್ರವೆಂದಾಗಲಿ, ಬೆಲೆಬಾಳುವ ವಸ್ತ್ರವೆಂದಾಗಲಿ ಹೇಳಲಿಲ್ಲ. ನಿರ್ಮಲ ವಸ್ತ್ರ ಎಂದರು. ನಿರ್ಮಲವೆಂದರೆ ಮಲವಿಲ್ಲದ್ದು. ಬೆವರು, ಧೂಳು, ಜಿಡ್ಡುಗಳು ಮಲವೆಂಬುದು ಎಲ್ಲರಿಗೂ ತಿಳಿದದ್ದೇ. ಆದರೆ ಆ ಕೊಳೆಯನ್ನು ತೆಗೆಯಲೆಂದು ನಾವು ಹಾಕಿದ ದ್ರವ್ಯವೇ ಬಟ್ಟೆಯ ಎಳೆಗಳಲ್ಲಿ ಉಳಿದುಕೊಂಡರೆ ಅದನ್ನು ಏನೆಂದು ಕರೆಯಬೇಕು? ಅದೂ ಮಲವೇ ಎಂಬುದು ನಮ್ಮ ಅಭಿಪ್ರಾಯ. ಕಣ್ಣಿಗೆ ಶುಭ್ರವಾಗಿ ಕಂಡ ಬಟ್ಟೆ ಮೈಗೆ ಒಗ್ಗದೆ ಹೋಗುವುದು ಈ ಕಾರಣದಿಂದಲೇ.

ಬಟ್ಟೆಯು ದಿನದ ಇಪ್ಪತ್ತನಾಲ್ಕು ಗಂಟೆಯೂ ನಮ್ಮ ಚರ್ಮವನ್ನು ತಾಗಿಕೊಂಡಿರುತ್ತದೆ. ಆದ್ದರಿಂದ ಅದನ್ನು ಯಾವುದರಿಂದ ತೊಳೆಯುತ್ತೇವೆ, ಹೇಗೆ ಜಾಲಿಸುತ್ತೇವೆ ಎಂಬುದು ಆರೋಗ್ಯದ ವಿಷಯವೇ ಆಗಿದೆ.

ಚರ್ಮದ ದೂರು

ನಮ್ಮ ಚಿಕಿತ್ಸಾಲಯಕ್ಕೆ ತುರಿಕೆಯೆಂದು ಬರುವವರಲ್ಲಿ ಎರಡು ಬಗೆಯ ಜನರನ್ನು ಮತ್ತೆ ಮತ್ತೆ ಕಾಣುತ್ತೇವೆ. ಮೊದಲನೆಯವರು ಮನೆಯ ಬಟ್ಟೆಯನ್ನೆಲ್ಲ ಕೈಯಿಂದಲೇ ಒಗೆಯುವ ತಾಯಂದಿರು. ಅವರ ಬೆರಳ ಸಂದುಗಳು ಒಣಗಿ, ಬಿರಿದು, ಕೆಲವೊಮ್ಮೆ ನೀರಾಡುತ್ತಿರುತ್ತವೆ. ಖಾರ ಮುಟ್ಟಿದರೆ ಉರಿ, ಸುಣ್ಣ ಮುಟ್ಟಿದರೆ ಉರಿ. ಎರಡನೆಯವರು ಸೊಂಟದ ಪಟ್ಟಿ, ಕಂಕುಳು, ಕುತ್ತಿಗೆ, ತೊಡೆಯ ಸಂದು ಮುಂತಾಗಿ ಬಟ್ಟೆ ಬಿಗಿಯಾಗಿ ಉಜ್ಜುವ ಕಡೆ ಮಾತ್ರ ಕೆಂಪಾಗುವವರು. ಇವರಲ್ಲಿ ಹಸುಗೂಸುಗಳೂ ಸೇರಿವೆ.

ಇದರ ಕಾರಣ ಸರಳವಾದುದು. ಆರೋಗ್ಯವಂತ ಚರ್ಮದ ಮೇಲ್ಪದರವು ತುಸು ಆಮ್ಲಗುಣವುಳ್ಳದ್ದು. ಅದರ ಪಿಎಚ್ ಅಂಕ ಸುಮಾರು 4.5ರಿಂದ 5.5. ಶುದ್ಧ ನೀರಿನದು 7. ಬಟ್ಟೆ ಒಗೆಯುವ ಸಾಮಾನ್ಯ ಪುಡಿಯನ್ನು ಕಲಸಿದ ನೀರಿನದು 10ರ ಆಸುಪಾಸು, ಅಂದರೆ ತೀಕ್ಷ್ಣ ಕ್ಷಾರ. ಈ ನೀರಿನಲ್ಲಿ ದಿನವೂ ಗಂಟೆಗಟ್ಟಲೆ ಕೈಯಾಡಿಸಿದರೆ ಚರ್ಮದ ಸಹಜ ಸ್ನಿಗ್ಧತೆ ಕರಗಿಹೋಗಿ, ಅದರ ರಕ್ಷಣೆಯ ಗೋಡೆ ಸಡಿಲವಾಗುತ್ತದೆ. ಮಾರ್ಜಕ ಪುಡಿಗಳಲ್ಲಿ ಕೊಳೆ ತೆಗೆಯುವ ರಾಸಾಯನಿಕದ ಜೊತೆಗೆ ಸೋಡಾ, ಸುಗಂಧ, ಕೆಲವದರಲ್ಲಿ ಕಿಣ್ವ, ಹಲವದರಲ್ಲಿ ಬಿಳುಪುಕಾರಕ ಇರುತ್ತವೆ. ಸುಗಂಧವು ಕೆಲವರಿಗೆ ಅಲರ್ಜಿಯನ್ನು ತರುತ್ತದೆ. ಬಿಳುಪುಕಾರಕದ ಸಂಗತಿಯಂತೂ ಸ್ವಾರಸ್ಯಕರವಾದುದು. ಅದು ಕೊಳೆಯನ್ನು ತೆಗೆಯುವ ದ್ರವ್ಯವೇ ಅಲ್ಲ. ಬಟ್ಟೆಯ ಮೇಲೆ ಉಳಿದುಕೊಂಡು, ಬಿಸಿಲಿನ ಕಾಣದ ಕಿರಣವನ್ನು ಹೀರಿ, ನೀಲಿ ಬೆಳಕಾಗಿ ಹೊರಸೂಸಿ ಬಿಳುಪಿನ ತೋರಿಕೆಯನ್ನು ಉಂಟುಮಾಡುತ್ತದೆ. ಹಿಂದೆ ಧೋತರಕ್ಕೆ ನೀಲಿ ಹಾಕುತ್ತಿದ್ದುದೂ ಇಂಥದೇ ಉದ್ದೇಶಕ್ಕೆ. ಆದ್ದರಿಂದ ಹೊಳಪನ್ನು ಕಂಡು ಶುಚಿಯನ್ನು ಅಳೆಯಬಾರದು.

ಎಲ್ಲ ತುರಿಕೆಗೂ ಮಾರ್ಜಕವೇ ಕಾರಣವೆಂದು ನಾವು ಹೇಳುತ್ತಿಲ್ಲ. ಹುಳುಕಡ್ಡಿ, ಕಜ್ಜಿ, ಸೋರಿಯಾಸಿಸ್, ಮಧುಮೇಹ ಮುಂತಾದ ಕಾರಣಗಳು ಅನೇಕ. ಆಯುರ್ವೇದವು ವಿಚರ್ಚಿಕಾ ಎಂದು ಕರೆಯುವ ವ್ಯಾಧಿಗೆ ಒಳಗಿನ ದೋಷಗಳೂ ಕಾರಣವಾಗುತ್ತವೆ. ಆದರೆ ಹೊರಗಿನ ಕಾರಣವನ್ನು ತೆಗೆಯದೆ ಔಷಧವನ್ನಷ್ಟೇ ಕೊಟ್ಟರೆ, ಒಂದು ಕಡೆ ಒಲೆ ಉರಿಸುತ್ತ ಇನ್ನೊಂದು ಕಡೆ ನೀರು ಚಿಮುಕಿಸಿದಂತಾಗುತ್ತದೆ. ನಿದಾನ ಪರಿವರ್ಜನ, ಅಂದರೆ ರೋಗಕಾರಣವನ್ನು ದೂರಮಾಡುವುದೇ ಚಿಕಿತ್ಸೆಯ ಮೊದಲ ಮೆಟ್ಟಿಲು.

ಹಿರಿಯರು ಬಳಸಿದ ದ್ರವ್ಯಗಳು

ಕಾರ್ಖಾನೆಯ ಸಾಬೂನು ಹಳ್ಳಿಗಳನ್ನು ತಲುಪುವ ಮೊದಲು ನಮ್ಮ ನಾಡಿನಲ್ಲಿ ಬಟ್ಟೆ ಶುಭ್ರವಾಗುತ್ತಿರಲಿಲ್ಲವೇ? ಮಡಿವಾಳ ಬಂಧುಗಳು ಹಳ್ಳದ ದಂಡೆಯ ಸೌಳು ಮಣ್ಣನ್ನು ತಂದು, ಅದರ ನೀರಿನಲ್ಲಿ ಬಟ್ಟೆಯನ್ನು ಅದ್ದಿ, ಉಬ್ಬೆಯಲ್ಲಿ ಬೇಯಿಸಿ, ಕಲ್ಲಿಗೆ ಒಗೆದು ಬಿಸಿಲಿಗೆ ಹರವುತ್ತಿದ್ದರು. ಮನೆಗಳಲ್ಲಿ ಬೂದಿಯ ತಿಳಿನೀರು ಬಳಕೆಯಲ್ಲಿತ್ತು. ರೇಷ್ಮೆಗೆ, ಉಣ್ಣೆಗೆ, ನಯವಾದ ಬಟ್ಟೆಗೆ ಅಂಟುವಾಳ ಮತ್ತು ಸೀಗೆಕಾಯಿ. ಬಟ್ಟೆ ತೊಳೆಯುವ ಈ ಕೆಲಸವು ಕೀಳೆಂಬ ಭಾವನೆಯನ್ನು 12ನೆಯ ಶತಮಾನದ ಶರಣರು ತೊಡೆದುಹಾಕಿದರು. ದೇವರ ಹಿಪ್ಪರಗಿಯಿಂದ ಕಲ್ಯಾಣಕ್ಕೆ ಬಂದ ಮಡಿವಾಳ ಮಾಚಿದೇವರು ಶರಣರ ವಸ್ತ್ರಗಳನ್ನು ಮಡಿಮಾಡುವುದನ್ನೇ ಕಾಯಕವಾಗಿ ಕೈಕೊಂಡವರೆಂಬುದು ಸದ್ಭಕ್ತರಿಗೆಲ್ಲ ತಿಳಿದ ವಿಚಾರ.

ಹಿರಿಯರ ಈ ದ್ರವ್ಯಗಳನ್ನು ಎರಡು ಜಾತಿಯಾಗಿ ತಿಳಿಯಬೇಕು. ಸೌಳು, ಬೂದಿನೀರು, ಸೋಡಾ ಇವು ಕ್ಷಾರಗಳು. ಸುಶ್ರುತರು ಸೂತ್ರಸ್ಥಾನದ 11ನೆಯ ಅಧ್ಯಾಯವನ್ನೇ ಕ್ಷಾರಪಾಕಕ್ಕೆ ಮೀಸಲಿಟ್ಟು, ಕ್ಷಾರವು ಶಸ್ತ್ರದಂತೆ ಛೇದಿಸಬಲ್ಲದೆಂದು ವಿವರಿಸಿದ್ದಾರೆ. ಜಿಡ್ಡನ್ನು ಕತ್ತರಿಸುವ ಶಕ್ತಿ ಅದಕ್ಕಿದೆ. ಚರ್ಮವನ್ನು ಸುಡುವ ಶಕ್ತಿಯೂ ಅದಕ್ಕಿದೆ. ಅಂಟುವಾಳ, ಸೀಗೆಗಳಾದರೋ ನೊರೆಯ ದ್ರವ್ಯಗಳು. ಅಂಟುವಾಳಕ್ಕೆ ಸಂಸ್ಕೃತದಲ್ಲಿ ಅರಿಷ್ಟಕ ಎಂಬ ಹೆಸರಿನೊಂದಿಗೆ ಫೇನಿಲ ಎಂಬ ಹೆಸರೂ ಇದೆ; ಫೇನವೆಂದರೆ ನೊರೆ. ಕನ್ನಡದಲ್ಲಿ ನೊರೆಕಾಯಿ, ಕೆಲವೆಡೆ ಕೂಗಟೆ ಎಂದೂ ಕರೆಯುತ್ತಾರೆ. ಸಸ್ಯಶಾಸ್ತ್ರದಲ್ಲಿ ಇದರ ಕುಲನಾಮ ಸಪಿಂಡಸ್. ಭಾರತದ ಸಾಬೂನು ಎಂಬುದೇ ಆ ಹೆಸರಿನ ಮೂಲಾರ್ಥ. ದಕ್ಷಿಣದಲ್ಲಿ ಬೆಳೆಯುವ ಜಾತಿ ಬೇರೆ, ಹಿಮಾಲಯದ ತಪ್ಪಲಿನ ರೀಠಾ ಬೇರೆ. ಗುಣದಲ್ಲಿ ಎರಡೂ ಸಮೀಪ.

ಅಂಟುವಾಳದ ತಿರುಳುಳ್ಳ ಸಿಪ್ಪೆಯಲ್ಲಿ ಸಪೋನಿನ್ ಎಂಬ ಅಂಶವಿದೆ. ಅದರ ಒಂದು ತುದಿ ನೀರನ್ನೂ ಇನ್ನೊಂದು ತುದಿ ಜಿಡ್ಡನ್ನೂ ಹಿಡಿಯುತ್ತದೆ. ಹೀಗೆ ಕೊಳೆಯನ್ನು ಬಟ್ಟೆಯಿಂದ ಬಿಡಿಸಿ ನೀರಿಗೆ ಒಪ್ಪಿಸುತ್ತದೆ. ಇದರ ದ್ರಾವಣವು ಚರ್ಮದಂತೆಯೇ ತುಸು ಆಮ್ಲಗುಣವುಳ್ಳದ್ದು. ಮತ್ತೊಂದು ಪ್ರಯೋಜನವನ್ನು ಕೊಳವೆಬಾವಿಯ ನೀರನ್ನು ನಂಬಿದ ಬಯಲುಸೀಮೆಯವರು ಗಮನಿಸಬೇಕು. ಗಡಸು ನೀರಿನಲ್ಲಿ ಸಾಬೂನು ಮೊಸರಿನಂತೆ ಒಡೆದು, ಬಟ್ಟೆಯ ಮೇಲೆ ಬೂದುಬಣ್ಣದ ಗಸಿಯಾಗಿ ಕೂರುತ್ತದೆ. ಅಂಟುವಾಳದ ನೊರೆ ಹಾಗೆ ಒಡೆಯುವುದಿಲ್ಲ.

ದ್ರಾವಣ ತಯಾರಿಸುವ ಕ್ರಮ

ಬೇಕಾದುದು: ಬೀಜ ತೆಗೆದ ಒಣ ಅಂಟುವಾಳದ ಸಿಪ್ಪೆ 100 ಗ್ರಾಂ, ನೀರು ಒಂದೂವರೆ ಲೀಟರ್. ಮರವಿದ್ದವರು ಬೇಸಿಗೆ ಕಾಲಿಡುವ ಹೊತ್ತಿಗೆ ಉದುರಿದ ಹಣ್ಣುಗಳನ್ನು ಆರಿಸಿ, ಚೆನ್ನಾಗಿ ಒಣಗಿಸಿ, ಡಬ್ಬಿಯಲ್ಲಿ ತುಂಬಿಟ್ಟುಕೊಳ್ಳಬಹುದು. ಇಲ್ಲದವರಿಗೆ ಗ್ರಂಧಿಗೆ ಅಂಗಡಿಯಲ್ಲಿ ಸಿಗುತ್ತದೆ. ಅಂಟಂಟಾಗಿ, ಕಂದುಬಣ್ಣದಲ್ಲಿ, ಬೂಷ್ಟು ಹಿಡಿಯದೆ ಇರುವುದನ್ನು ಆರಿಸಬೇಕು. ಕರಿಯ ಗಟ್ಟಿ ಬೀಜದಲ್ಲಿ ನೊರೆಯಿಲ್ಲ. ಅದನ್ನು ತೆಗೆದ ಮೇಲೆಯೇ ತೂಕ ಮಾಡಬೇಕು.

1. ಸಿಪ್ಪೆಯನ್ನು ಒಮ್ಮೆ ತೊಳೆದು, ಸ್ಟೀಲ್ ಅಥವಾ ಮಣ್ಣಿನ ಪಾತ್ರೆಯಲ್ಲಿ ರಾತ್ರಿಯಿಡೀ ನೆನೆಹಾಕಬೇಕು. ಕಬ್ಬಿಣದ ಪಾತ್ರೆ ಸಲ್ಲದು. ದ್ರಾವಣ ಕಪ್ಪಾಗಿ ಬಟ್ಟೆಗೆ ಕಲೆ ಹಿಡಿಯಬಹುದು.

2. ಬೆಳಿಗ್ಗೆ ಅದೇ ನೀರಿನಲ್ಲಿ ಸಣ್ಣ ಉರಿಯ ಮೇಲೆ 20ರಿಂದ 30 ನಿಮಿಷ ಕುದಿಸಬೇಕು. ಪಾತ್ರೆ ದೊಡ್ಡದಿರಲಿ, ಉರಿ ಹೆಚ್ಚಿದರೆ ನೊರೆ ಉಕ್ಕಿ ಒಲೆಗೆ ಸುರಿಯುತ್ತದೆ.

3. ಪೂರ್ತಿ ತಣಿದ ಮೇಲೆ ಕೈಯಿಂದ ಕಿವುಚಿ, ತೆಳ್ಳನೆಯ ಬಟ್ಟೆಯಲ್ಲಿ ಎರಡು ಬಾರಿ ಸೋಸಬೇಕು. ಸುಮಾರು ಒಂದು ಲೀಟರಿನಷ್ಟು ಕಂದುಬಣ್ಣದ ದ್ರಾವಣ ಸಿಗುತ್ತದೆ. ಉಳಿದ ಸಿಪ್ಪೆಗೆ ಅರ್ಧ ಲೀಟರ್ ನೀರು ಹಾಕಿ ಮತ್ತೊಮ್ಮೆ ಕುದಿಸಿದರೆ ತೆಳುವಾದ ದ್ರಾವಣ ದೊರೆಯುತ್ತದೆ; ಅದು ನೆಲ ಒರೆಸಲು ಸಾಕು.

4. ಈ ದ್ರಾವಣವು ಕಷಾಯದಂತೆಯೇ ಬೇಗ ಹಳಸುತ್ತದೆ. ಹೊರಗಿಟ್ಟರೆ ಎರಡು ದಿನ, ಫ್ರಿಜ್ಜಿನಲ್ಲಿ ಒಂದು ವಾರ. ಹುಳಿವಾಸನೆ ಬಂದರೆ, ಮೇಲೆ ಪದರ ಕಟ್ಟಿದರೆ ಚೆಲ್ಲಿಬಿಡಬೇಕು. ಆದ್ದರಿಂದ ವಾರಕ್ಕೆ ಬೇಕಾದಷ್ಟನ್ನು ಮಾತ್ರ ಮಾಡಿಕೊಳ್ಳುವುದು ಜಾಣತನ.

ಬಳಸುವ ಪ್ರಮಾಣ: 10 ಲೀಟರ್ ನೀರಿನ ಬಕೆಟ್ಟಿಗೆ 100ರಿಂದ 150 ಮಿಲಿಲೀಟರ್. ನೀರು ಉಗುರುಬೆಚ್ಚಗಿದ್ದರೆ ಗುಣ ಹೆಚ್ಚು. ಬಟ್ಟೆಯನ್ನು ಅರ್ಧ ಗಂಟೆ ನೆನೆಸಿ, ಮೃದುವಾಗಿ ತಿಕ್ಕಿ, ಎರಡು ಬಾರಿ ಜಾಲಿಸಬೇಕು. ಯಂತ್ರದಲ್ಲಿ ತೊಳೆಯುವವರು ದ್ರಾವಣದ ಬದಲು ಎಂಟು ಹತ್ತು ಸಿಪ್ಪೆಗಳನ್ನು ಹತ್ತಿಬಟ್ಟೆಯ ಪುಟ್ಟ ಚೀಲದಲ್ಲಿ ಬಿಗಿಯಾಗಿ ಕಟ್ಟಿ, ಬಟ್ಟೆಯೊಡನೆ ಹಾಕಬಹುದು. ಜಾಲಿಸುವ ಹಂತಕ್ಕೆ ಮೊದಲು ಚೀಲವನ್ನು ತೆಗೆಯಬೇಕು. ಒಣಗಿಸಿಟ್ಟರೆ ಅದೇ ಚೀಲ ಮೂರು ನಾಲ್ಕು ಸಲ ಬರುತ್ತದೆ. ಸಿಪ್ಪೆ ಬೆಳ್ಳಗಾಗಿ ಮೆತ್ತಗಾದರೆ ಸತ್ವ ಮುಗಿದಂತೆ.

ಪುಡಿ ಮಾಡಿಟ್ಟುಕೊಳ್ಳಬೇಕೆನ್ನುವವರು ಸಿಪ್ಪೆಯನ್ನು ಗರಿಗರಿಯಾಗಿ ಒಣಗಿಸಿ ಕುಟ್ಟಬಹುದು. ಆಗ ಮೂಗು ಬಾಯಿಗೆ ಬಟ್ಟೆ ಕಟ್ಟಿಕೊಳ್ಳಲೇಬೇಕು. ಆ ಧೂಳು ಸೀನನ್ನೂ ಕಣ್ಣುರಿಯನ್ನೂ ತರುತ್ತದೆ. ಉಬ್ಬಸವಿರುವವರು ಈ ಕೆಲಸಕ್ಕೆ ಕೈಹಾಕಬಾರದು.

ಬಟ್ಟೆಯನ್ನು ಮೂರು ಗುಂಪು ಮಾಡಿ

ಅಂಟುವಾಳವು ಎಲ್ಲ ಬಟ್ಟೆಯನ್ನೂ ಒಂದೇ ರೀತಿ ತೊಳೆದುಕೊಡುತ್ತದೆ ಎಂದು ನಂಬಿ ಆರಂಭಿಸಿದವರು ಹದಿನೈದು ದಿನಗಳಲ್ಲಿ ಬೇಸತ್ತು ಬಿಟ್ಟುಬಿಡುತ್ತಾರೆ. ರೋಗಿಯನ್ನು ನೋಡಿ ಔಷಧವೆಂಬ ನಿಯಮ ಬಟ್ಟೆಗೂ ಅನ್ವಯಿಸುತ್ತದೆ. ಒಗೆಯುವ ಮೊದಲು ಬಟ್ಟೆಯನ್ನು ಮೂರು ಗುಂಪು ಮಾಡಿಕೊಳ್ಳಬೇಕು.

ಮೊದಲ ಗುಂಪು, ಅಂಟುವಾಳಕ್ಕೆ ಸರಿಯಾಗಿ ಒಪ್ಪುವಂಥದು: ಕೂಸಿನ ಅಂಗಿ, ತೊಟ್ಟಿಲ ಬಟ್ಟೆ, ಒಳ ಉಡುಪು, ದಿಂಬಿನ ಚೀಲ, ಬೆವರಷ್ಟೇ ತಾಗಿದ ದಿನಬಳಕೆಯ ಬಟ್ಟೆ, ರೇಷ್ಮೆ ಸೀರೆ, ಉಣ್ಣೆಯ ಶಾಲು, ಬಣ್ಣ ಬಿಡುವ ಇಳಕಲ್ ಸೀರೆ, ಪೂಜೆಗೆ ಉಡುವ ಮಡಿ. ರೇಷ್ಮೆ ಮತ್ತು ಉಣ್ಣೆಗಳು ನಮ್ಮ ಕೂದಲಿನಂತೆ ಪ್ರೋಟೀನಿನ ಎಳೆಗಳು. ಕ್ಷಾರವು ಅವನ್ನು ಕೆಡಿಸುತ್ತದೆ. ಅವಕ್ಕೆ ಅಂಟುವಾಳವೇ ಶ್ರೇಷ್ಠ, ಅದೂ ತಣ್ಣೀರಿನಲ್ಲಿ, ಹಿಂಡದೆ, ನೆರಳಿನಲ್ಲಿ ಒಣಗಿಸಿ. ಚರ್ಮದ ತೊಂದರೆಯಿರುವವರ ಬಟ್ಟೆಗಳೆಲ್ಲವೂ ಈ ಗುಂಪಿಗೇ ಸೇರಲಿ. ಬಿಳಿಯ ಬಟ್ಟೆಯನ್ನು ಬಹುಕಾಲ ಇದರಿಂದಲೇ ತೊಳೆದರೆ ತುಸು ಮಾಸಿದಂತೆ ಕಾಣಬಹುದು. ತಿಂಗಳಿಗೊಮ್ಮೆ ಬಿಸಿನೀರು, ದಿನವೂ ಬಿಸಿಲು ಅದಕ್ಕೆ ಪರಿಹಾರ.

ಎರಡನೆಯ ಗುಂಪು, ಜಿಡ್ಡಿನ ಬಟ್ಟೆ: ಹೊಲದ ಕೆಲಸದ ಅಂಗಿ, ಅಡುಗೆಮನೆಯ ಒರಸುಬಟ್ಟೆ, ಎಣ್ಣೆ ಹತ್ತಿದ ಟವಲು. ಇಲ್ಲಿ ಬರಿಯ ಅಂಟುವಾಳ ಸೋಲುತ್ತದೆ. ಒಂದು ಬಕೆಟ್ ಬಿಸಿನೀರಿಗೆ ಒಂದು ದೊಡ್ಡ ಚಮಚ, ಅಂದರೆ ಸುಮಾರು 15 ಗ್ರಾಂ ವಾಷಿಂಗ್ ಸೋಡಾ ಕರಗಿಸಿ, ಬಟ್ಟೆಯನ್ನು ಅರ್ಧ ಗಂಟೆ ನೆನೆಸಬೇಕು. ಸೋಡಾ ಗಡಸು ನೀರನ್ನು ಮೆದುಗೊಳಿಸುತ್ತದೆ, ಜಿಡ್ಡನ್ನು ಬಿಡಿಸುತ್ತದೆ. ಬಳಿಕ ಒಮ್ಮೆ ಜಾಲಿಸಿ ಅಂಟುವಾಳದ ನೀರಿನಲ್ಲಿ ತೊಳೆದರೆ ಆಯಿತು. ಅಡುಗೆ ಸೋಡಾ ಬೇರೆ, ವಾಷಿಂಗ್ ಸೋಡಾ ಬೇರೆ ಎಂಬುದನ್ನು ಮರೆಯಬಾರದು. ವಾಷಿಂಗ್ ಸೋಡಾ ಬಳಸುವಾಗ ರಬ್ಬರಿನ ಕೈಗವಸು ಅಗತ್ಯ. ರೇಷ್ಮೆ, ಉಣ್ಣೆ, ಅಲ್ಯೂಮಿನಿಯಂ ಪಾತ್ರೆಗಳಿಗೆ ಅದು ವರ್ಜ್ಯ.

ಮೂರನೆಯ ಗುಂಪು, ರೋಗಿಯ ಬಟ್ಟೆ: ಕಜ್ಜಿ, ಹುಳುಕಡ್ಡಿ, ವಾಂತಿಭೇದಿ ಇರುವವರ ಉಡುಪು ಮತ್ತು ಹಾಸಿಗೆ. ಅಂಟುವಾಳವು ಕೊಳೆ ತೆಗೆಯುತ್ತದೆಯೇ ಹೊರತು ರೋಗಾಣುವನ್ನು ಕೊಲ್ಲುವ ಭರವಸೆಯ ದ್ರವ್ಯವಲ್ಲ. ಇಲ್ಲಿ ಮಾರುಕಟ್ಟೆಯ ಮಾರ್ಜಕವನ್ನೇ, ಸಾಧ್ಯವಾದರೆ ಸುಗಂಧವಿಲ್ಲದ್ದನ್ನು, 60 ಡಿಗ್ರಿಯಷ್ಟು ಬಿಸಿನೀರಿನೊಂದಿಗೆ ಬಳಸಿ, ಬಿಸಿಲಿನಲ್ಲಿ ಒಣಗಿಸಿ, ಇಸ್ತ್ರಿ ಮಾಡಬೇಕು. ಕಜ್ಜಿಯಿರುವ ಮನೆಯಲ್ಲಿ ತೊಳೆಯಲಾಗದ ಕೌದಿ, ಕಂಬಳಿಗಳನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿ ಒಂದು ವಾರ ಇಟ್ಟರೆ, ಮನುಷ್ಯನ ಮೈ ಸಿಗದೆ ಹುಳುಗಳು ಸಾಯುತ್ತವೆ. ಮನೆಮಂದಿಯೆಲ್ಲ ಒಟ್ಟಿಗೆ ಚಿಕಿತ್ಸೆ ಪಡೆಯುವುದೂ ಅಷ್ಟೇ ಮುಖ್ಯ.

ಕಲೆಗಳಿಗೆ ಕೆಲವು ಸೂಚನೆಗಳು

ಅರಿಶಿನದ ಕಲೆಗೆ ಮೊದಲು ಸಾಬೂನು ಅಥವಾ ಸೋಡಾ ತಾಗಿಸಬಾರದು. ಅರಿಶಿನಕ್ಕೆ ಕ್ಷಾರ ತಾಗಿದರೆ ಕೆಂಪಾಗುತ್ತದೆ. ಅರಿಶಿನಕ್ಕೆ ಸುಣ್ಣ ಬೆರೆಸಿ ಕುಂಕುಮ ಮಾಡುವುದು ಇದೇ ಗುಣದಿಂದ. ಅಂಟುವಾಳದ ನೀರಿನಲ್ಲಿ ತೊಳೆದು ನೇರ ಬಿಸಿಲಿಗೆ ಹರವಿದರೆ ಒಂದೆರಡು ದಿನಗಳಲ್ಲಿ ಹಳದಿ ತಾನಾಗಿ ಮಾಸುತ್ತದೆ. ರಕ್ತದ ಕಲೆಗೆ ತಣ್ಣೀರು ಮಾತ್ರ. ಬಿಸಿನೀರು ಅದನ್ನು ಗಟ್ಟಿಗೊಳಿಸುತ್ತದೆ. ಎಣ್ಣೆ ಬಿದ್ದಾಗ ಕೂಡಲೇ ಕಡಲೆಹಿಟ್ಟನ್ನು ಉದುರಿಸಿ, ಹೀರಿದ ಮೇಲೆ ಝಾಡಿಸಬೇಕು. ತುಕ್ಕಿನ ಕಲೆಗೆ ನಿಂಬೆರಸ ಮತ್ತು ಉಪ್ಪು ಹಚ್ಚಿ, ಬಿಸಿಲಿಗಿಟ್ಟು, ತೊಳೆಯಬೇಕು. ವಿಭೂತಿ ತಾಗಿದ ಬಟ್ಟೆಯನ್ನು ಒಣಗಿರುವಾಗಲೇ ಝಾಡಿಸಿ ಆಮೇಲೆ ನೀರಿಗೆ ಹಾಕುವುದು ಒಳ್ಳೆಯದು. ಬಣ್ಣದ ಬಟ್ಟೆಯಾದರೆ ಮೊದಲು ಅಂಚಿನಲ್ಲಿ ಪರೀಕ್ಷಿಸಿಕೊಳ್ಳಬೇಕು.

ನೈಸರ್ಗಿಕವೆಂದರೆ ನಿರಪಾಯವಲ್ಲ

ಗಿಡಮೂಲಿಕೆಯದು, ಆದ್ದರಿಂದ ಅಪಾಯವಿಲ್ಲ ಎಂಬ ಮಾತನ್ನು ನಾವು ವೈದ್ಯರು ಒಪ್ಪುವುದಿಲ್ಲ. ಅಂಟುವಾಳದ ನೀರು ಕಣ್ಣಿಗೆ ಬಿದ್ದರೆ ತೀವ್ರ ಉರಿಯಾಗುತ್ತದೆ. ಶುದ್ಧ ನೀರಿನಿಂದ 15 ನಿಮಿಷ ತೊಳೆದು, ಉರಿ ಇಳಿಯದಿದ್ದರೆ ನೇತ್ರವೈದ್ಯರಲ್ಲಿಗೆ ಹೋಗಬೇಕು. ಮಕ್ಕಳು ಕುಡಿದರೆ ವಾಂತಿ, ಭೇದಿ, ಹೊಟ್ಟೆನೋವು ಬರುತ್ತವೆ. ಆಗ ಒತ್ತಾಯದಿಂದ ವಾಂತಿ ಮಾಡಿಸದೆ ಆಸ್ಪತ್ರೆಗೆ ಕರೆದೊಯ್ಯಬೇಕು. ಈ ದ್ರಾವಣವು ಬಣ್ಣದಲ್ಲಿ ಚಹಾವನ್ನೂ ಬೆಲ್ಲದ ಪಾನಕವನ್ನೂ ಹೋಲುತ್ತದೆ. ಆದ್ದರಿಂದ ತಂಪುಪಾನೀಯದ ಖಾಲಿ ಬಾಟಲಿಯಲ್ಲಿ ಎಂದಿಗೂ ತುಂಬಿಡಬಾರದು. ಬೇರೆ ಆಕಾರದ ಡಬ್ಬಿಯಲ್ಲಿ ಹಾಕಿ, ಹೆಸರು ಮತ್ತು ತಯಾರಿಸಿದ ದಿನಾಂಕವನ್ನು ಬರೆದು, ಮಕ್ಕಳ ಕೈಗೆ ಎಟುಕದಂತೆ ಇಡಬೇಕು. ಫ್ರಿಜ್ಜಿನಲ್ಲಿ ಇಡುವವರು ಈ ಮಾತನ್ನು ಎರಡು ಬಾರಿ ಓದಲಿ.

ಸೋಡಾಕ್ಕೆ ವಿನೆಗರ್ ಅಥವಾ ನಿಂಬೆರಸ ಬೆರೆಸಿದರೆ ಬುರುಬುರು ನೊರೆ ಬರುತ್ತದೆ, ಶಕ್ತಿ ಬರುವುದಿಲ್ಲ; ಕ್ಷಾರವೂ ಆಮ್ಲವೂ ಒಂದನ್ನೊಂದು ನಿಷ್ಫಲಗೊಳಿಸುತ್ತವೆ. ಬ್ಲೀಚಿಂಗ್ ಪುಡಿಗೆ ನಿಂಬೆ, ವಿನೆಗರ್ ಅಥವಾ ಆಮ್ಲವಿರುವ ಯಾವುದನ್ನೇ ಆಗಲಿ ಬೆರೆಸಬಾರದು. ವಿಷಕಾರಿಯಾದ ಕ್ಲೋರಿನ್ ಅನಿಲ ಹೊರಡುತ್ತದೆ. ಕಾಸ್ಟಿಕ್ ಸೋಡಾ ಹಾಕಿ ಸಾಬೂನು ಬೇಯಿಸುವ ಸಾಹಸವು ಮಕ್ಕಳಿರುವ ಮನೆಗೆ ತಕ್ಕದ್ದಲ್ಲ. ಅಂಟುವಾಳವೇ ಒಗ್ಗದ ಕೆಲವರೂ ಇದ್ದಾರೆ. ಮೊದಲ ವಾರ ಒಂದೆರಡು ಬಟ್ಟೆಯಲ್ಲಿ ಪರೀಕ್ಷಿಸಿ ಮುಂದುವರಿಯಬೇಕು.

ತುರಿಕೆಯಿರುವವರು ನಾಲ್ಕು ವಾರ ಈ ಕ್ರಮವನ್ನು ಅನುಸರಿಸಿ ನೋಡಲಿ. ಹಾಸಿಗೆ, ಹೊದಿಕೆ, ಟವಲುಗಳೂ ಸೇರಬೇಕು. ಅಂಗಿಯೊಂದನ್ನೇ ಬದಲಿಸಿದರೆ ಫಲ ತಿಳಿಯುವುದಿಲ್ಲ. ಆಗಲೂ ಕಡಿಮೆಯಾಗದಿದ್ದರೆ, ಅಥವಾ ತುರಿಕೆ ವೃತ್ತಾಕಾರವಾಗಿ ಹರಡುತ್ತಿದ್ದರೆ, ಮನೆಯಲ್ಲಿ ಹಲವರಿಗೆ ಹಬ್ಬಿದ್ದರೆ, ರಾತ್ರಿ ಹೆಚ್ಚಾಗುತ್ತಿದ್ದರೆ ನಾಲ್ಕು ವಾರ ಕಾಯದೆ ವೈದ್ಯರನ್ನು ಕಾಣಬೇಕು. ಅಂಗಡಿಯಲ್ಲಿ ಕೇಳಿ ತಂದ ಸ್ಟಿರಾಯ್ಡ್ ಮುಲಾಮನ್ನು ಹಚ್ಚುತ್ತ ಹೋಗಬಾರದು. ಹುಳುಕಡ್ಡಿ ಅದರಿಂದ ಬಲಗೊಳ್ಳುತ್ತದೆ.

ಅಂಟುವಾಳ ಸಿಗದವರು ಏನು ಮಾಡಬೇಕು?

ಎಲ್ಲರಿಗೂ ಪ್ರತಿವಾರ ಕುದಿಸಿ ಸೋಸುವ ಬಿಡುವು ಇರುವುದಿಲ್ಲವೆಂಬುದನ್ನು ನಾವು ಬಲ್ಲೆವು. ಅಂಥವರು ಮಾರ್ಜಕವನ್ನೇ ಬಳಸುತ್ತ ನಾಲ್ಕು ನಿಯಮಗಳನ್ನು ಪಾಲಿಸಿದರೂ ಅರ್ಧ ಪ್ರಯೋಜನ ದೊರೆಯುತ್ತದೆ. ಪುಡಿಯನ್ನು ಕೈಯಿಂದ ಸುರಿಯದೆ ಚಮಚದಿಂದ ಅಳೆದು ಹಾಕುವುದು. ನೊರೆ ಹೆಚ್ಚಿದಷ್ಟೂ ಶುಚಿ ಹೆಚ್ಚೆಂಬ ಭ್ರಮೆಯನ್ನು ಬಿಡುವುದು. ನೀರು ತಿಳಿಯಾಗುವವರೆಗೆ, ಕಡಿಮೆಯೆಂದರೆ ಮೂರು ಸಲ ಜಾಲಿಸುವುದು. ಯಂತ್ರದಲ್ಲಿಯೂ ಒಂದು ಜಾಲಿಕೆಯನ್ನು ಹೆಚ್ಚಾಗಿ ಕೊಡುವುದು. ಕೈಗವಸು ಧರಿಸುವುದು, ಕೆಲಸ ಮುಗಿದೊಡನೆ ಕೈಯನ್ನು ಒರೆಸಿ ಕೊಬ್ಬರಿ ಎಣ್ಣೆ ಹಚ್ಚುವುದು. ಹೊಸ ಬಟ್ಟೆಯನ್ನು, ವಿಶೇಷವಾಗಿ ಕೂಸಿನ ಬಟ್ಟೆಯನ್ನು, ಒಮ್ಮೆ ತೊಳೆಯದೆ ತೊಡಿಸಬಾರದೆಂಬುದನ್ನೂ ಇದಕ್ಕೆ ಸೇರಿಸಿಕೊಳ್ಳಬಹುದು.

ತೊಳೆದ ನೀರು ಎಲ್ಲಿಗೆ ಹೋಗುತ್ತದೆ?

ಬಟ್ಟೆಯಿಂದ ಬಿಟ್ಟದ್ದೆಲ್ಲ ನೀರಿಗೆ ಸೇರುತ್ತದೆ. ಬೆಂಗಳೂರಿನ ಬೆಳ್ಳಂದೂರು ಕೆರೆಯ ನೊರೆ ರಸ್ತೆಗೆ ಹಾರಿಬಂದುದನ್ನೂ, 2015ರಲ್ಲಿ ಆ ಕೆರೆಗೆ ಬೆಂಕಿ ಹೊತ್ತಿಕೊಂಡುದನ್ನೂ ನಾಡೆಲ್ಲ ಕಂಡಿದೆ. ಕೊಳಚೆಯೊಂದಿಗೆ ಹರಿದುಬಂದ ಮಾರ್ಜಕಗಳೂ ಆ ನೊರೆಯ ಕಾರಣಗಳಲ್ಲಿ ಒಂದು. ಅಂಟುವಾಳದ ನೊರೆ ಮಣ್ಣಿನಲ್ಲಿ ಬೇಗ ಕರಗಿಹೋಗುತ್ತದೆ. ಆ ನೀರನ್ನು ಬಾಳೆ, ತೆಂಗಿನ ಬುಡಕ್ಕೆ ಬಿಡಬಹುದು. ಆದರೆ ಮೀನಿಗೆ ಸಪೋನಿನ್ ವಿಷ. ಹಿಂದೆ ಇಂಥ ಕಾಯಿಗಳನ್ನು ಅರೆದು ಮೀನನ್ನು ಮಂಕುಗೊಳಿಸಿ ಹಿಡಿಯುತ್ತಿದ್ದುದುಂಟು. ಆದ್ದರಿಂದ ಕೆರೆ, ಬಾವಿ, ಹೊಂಡಗಳಿಗೆ ಇದನ್ನೂ ಬಿಡಬಾರದು. ಸೋಡಾ ಹಾಕಿದ ನೀರನ್ನಂತೂ ಗಿಡಕ್ಕೆ ಹಾಕಲೇಬಾರದು. ದಿನ ಕಳೆದಂತೆ ಮಣ್ಣು ಸವಳಾಗುತ್ತದೆ.

ಅಂಟುವಾಳದ ಮರ ನಿಧಾನವಾಗಿ ಬೆಳೆಯುತ್ತದೆ, ಫಲಕ್ಕೆ ಹಲವು ವರ್ಷ ಕಾಯಿಸುತ್ತದೆ, ಒಮ್ಮೆ ಆರಂಭಿಸಿದರೆ ತಲೆಮಾರುಗಳವರೆಗೆ ಕೊಡುತ್ತದೆ. ಹೊಲದ ಬದು, ಶಾಲೆಯ ಆವರಣ, ಮಠದ ತೋಟಗಳಲ್ಲಿ ಒಂದೊಂದು ಗಿಡ ನೆಟ್ಟರೆ ಊರಿಗೇ ಸಾಕಾಗುವಷ್ಟು ಕಾಯಿ ಸಿಗುತ್ತದೆ. ಅಲ್ಲಿಯವರೆಗೆ ಸದ್ಭಕ್ತರು ಈ ವಾರ 100 ಗ್ರಾಂ ಸಿಪ್ಪೆಯಿಂದ ಆರಂಭಿಸಲಿ. ಮೊದಲು ಮನೆಯ ಕೂಸಿನ ಬಟ್ಟೆ, ಆಮೇಲೆ ತಮ್ಮ ಮಡಿ. ಒಗೆಯುವ ಕೈಗೂ ಉಡುವ ಮೈಗೂ ಹಿತವಾದ ಮಡಿ ಎಲ್ಲರದಾಗಲಿ.